ಕಚ್ಚಾ ಲೈಸೆನ್ಸಿಗೆ ಬಿದ್ದ ಖರ್ಚು

ಕೆಲವರ ಹಣೆಯಲ್ಲಿ ಸುಖ ಬರೆದಿರುತ್ತದೆ, ಕೆಲವರ ಹಣೆಯಲ್ಲಿ ಕಷ್ಟ. ನನ್ನ ಸರದಿ ಬಂದಾಗ ಬ್ರಹ್ಮನಿಗೆ ಯಾಕೋ ನಗು ಬಂದು ಕೈ ಅಲುಗಾಡಿರಬೇಕು. ಅದಕ್ಕೇ ಬೇರೆಯವರು ಕಂಬಳಿ ಹೊದ್ದು ಅಳುವಂಥ ಸಂಗತಿ ನನಗೆ ಆದರೆ, ಊರು ಹೊಟ್ಟೆ ಹಿಡಿದುಕೊಂಡು ನಗುತ್ತದೆ. ಇವತ್ತಿಗೂ ಹಾಗೇ ಆಗುತ್ತಿರುತ್ತದೆ. ನಾನೂ ಬೇಡ ಅಂದಿಲ್ಲ.

ಮೊನ್ನೆ ಒಬ್ಬ ಹುಡುಗ ಬಂದು, "ಕಾಕಾ, ಲಾರಿ ಲೈಸೆನ್ಸಿಗೆ ಭಾಳ ಖರ್ಚ ಆತ್ರಿ" ಎಂದು ಮುಖ ಸಣ್ಣದು ಮಾಡಿದ. ಖರ್ಚಿನ ಮಾತು ನನ್ನ ಮುಂದೆ ತೆಗೆಯುವುದೇ? ನಿಜಾಮರ ಆಳಿಕೆಯ ಕೊನೆಯ ಕಾಲದಲ್ಲಿ ಯಾದಗಿರಿ, ಶಹಾಪುರ, ಸುರಪುರ ಈ ಮೂರೂ ಊರು ಹುಡುಕಿದರೂ ಲಾರಿಯ ಕಚ್ಚಾ ಲೈಸೆನ್ಸನ್ನು ನನ್ನಷ್ಟು ಕಾಲ ಜೇಬಿನಲ್ಲಿಟ್ಟುಕೊಂಡ ಗಂಡಸು ಸಿಗುತ್ತಿರಲಿಲ್ಲ. ಕಚ್ಚಾ ಅಂದರೆ ಕಲಿಯುವವನಿಗೆ ಕೊಡುವ ಪರವಾನಗಿ. ಅದು ಇದ್ದವನು ಲಾರಿ ಹೊಡೆಯಬಹುದು, ಆದರೆ ಪಕ್ಕಾ ಲೈಸೆನ್ಸಿನ ಉಸ್ತಾದ ಒಬ್ಬ ಬಾಜೂಕ, ಅಂದರೆ ಪಕ್ಕದಲ್ಲಿ, ಕುಳಿತಿರಲೇಬೇಕು. ಫೀಸು ಲಾರಿಯ ಮಾಲಕ ಸಾವ್ಕಾರ ಕಟ್ಟಿದ. ಅದನ್ನು ನಾನು ಖರ್ಚು ಅಂತ ಹಿಡಿಯುವುದೇ ಇಲ್ಲ. ಉಳಿದದ್ದು ಕೇಳಿರಿ.

ಇರುವೆ ಹೊಡೆದ ಲಾರಿ

ನಾನು ದೇವಾಪುರದವನು. ಯಾದಗಿರಿಯ ಒಬ್ಬ ಹತ್ತಿ ಸಾವ್ಕಾರನ ಲಾರಿಗೆ ಕ್ಲೀನರ್ ಆಗಿ ಸೇರಿಕೊಂಡಿದ್ದೆ. ಯುದ್ಧದ ಕಾಲ, ಪೆಟ್ರೋಲು ದೇವರಿಗೂ ಸಿಗುತ್ತಿರಲಿಲ್ಲ. ಲಾರಿಯ ಬೆನ್ನಿಗೆ ಆಳೆತ್ತರದ ಒಂದು ಇದ್ದಲಿ ಒಲೆ ಕಟ್ಟಿ, ಅದರ ಹೊಗೆಯಿಂದಲೇ ಎಂಜಿನ್ನು ಓಡಿಸುತ್ತಿದ್ದರು. ಒಲೆ ಊದುವವನು ನಾನು. ನನ್ನ ಉಸಿರಿನ ಮೇಲೆ ಒಂದು ಲಾರಿ ಹತ್ತಿ ಸುರಪುರದಿಂದ ಯಾದಗಿರಿ ಸ್ಟೇಷನ್ನಿಗೆ ಬರುತ್ತಿತ್ತು ಅಂದರೆ ನೀವು ನಂಬಬೇಕು.

ಲಾರಿ ಹೊಡೆಯುವವರು ಸುರಪುರದ ಉಸ್ತಾದರು. ಅವರ ಹೆಸರು ಹಿಡಿದು ಅವರ ಹೆಂಡತಿಯಂತೂ ಸರಿ, ಸಾವ್ಕಾರ ಕೂಡ ಕರೆಯುತ್ತಿರಲಿಲ್ಲ. ಮಕ್ಕಳಿಲ್ಲ. ಇದ್ದದ್ದೊಂದು ಲಾರಿ, ಅದೂ ಸಾವ್ಕಾರನದು. ಆ ಇದ್ದಲಿ ಹೊಗೆ ಕುಡಿದು ಕುಡಿದು ಅವರ ಕಣ್ಣು ಮೊದಲು ಕೆಂಪಗಾದವು, ಆಮೇಲೆ ಮಂಜಾದವು. ಯಾರಿಗೂ ಹೇಳಲಿಲ್ಲ. ನಾನು ಎಡಕ್ಕೆ ಕುಳಿತು ದಾರಿ ಒದರುತ್ತಿದ್ದೆ.

"ಎಡಕ್ಕ ಎಮ್ಮಿ ಅದ ಉಸ್ತಾದ್."

"ಕಂಡೈತಿ, ಸುಮ್ಮಕಿರು."

"ಮುಂದ ಬಂಡಿ ಬರಾಕತ್ತದ್ರಿ."

"ನಾ ಏನ್ ಕುರುಡೇನಲೇ?"

ಹೀಗೆ ಬೈಯುತ್ತಲೇ ನಾನು ಹೇಳಿದ ಕಡೆ ಗಾಡಿ ತಿರುಗಿಸುತ್ತಿದ್ದರು.

ಒಂದು ಸಲ ನನಗೆ ನೆಗಡಿಯಾಗಿ ಗಂಟಲು ಕಟ್ಟಿತು. ಮಾತೇ ಹೊರಡದು. ಆಗ ನಾವಿಬ್ಬರೂ ಹೊಸ ಕಾಯ್ದೆ ಮಾಡಿಕೊಂಡೆವು. ಎಡಕ್ಕೆ ಹೋಗಬೇಕಾದರೆ ಎಡದೊಡೆ ಚೂಟುವುದು, ಬಲಕ್ಕಾದರೆ ಬಲದೊಡೆ. ಶಹಾಪುರ ದಾಟುವವರೆಗೂ ಗಾಡಿ ಬೆಣ್ಣೆಯಲ್ಲಿ ಚಾಕು ಹೋದಂಗೆ ಹೋಯಿತು. ಅಷ್ಟರಲ್ಲಿ ಏನಾಯಿತೋ, ನೆಟ್ಟಗಿದ್ದ ದಾರಿಯಲ್ಲಿ ಉಸ್ತಾದರು "ಅಯ್ಯಪ್ಪಾ!" ಅಂದವರೇ ಬಲಕ್ಕೆ ಪೂರಾ ಎಳೆದುಬಿಟ್ಟರು. ಲಾರಿ ಒಬ್ಬ ರೈತನ ಕಣಕ್ಕೆ ಹೊಕ್ಕು, ಶೇಂಗಾ ರಾಶಿಯಲ್ಲಿ ಮೂಗು ಊರಿ ನಿಂತಿತು.

"ಅಷ್ಟ ಜೋರ್ ಯಾಕ ಚೂಟಿದೆಲೇ ಹಡಬಿಟ್ಟಿ?" ಎಂದು ಉಸ್ತಾದರು ತೊಡೆ ತಿಕ್ಕಿಕೊಂಡರು.

ನಾನು ಇಲ್ಲದ ಗಂಟಲಲ್ಲಿ ಪಿಸುಗುಟ್ಟಿದೆ: "ನಾ ಚೂಟೇ ಇಲ್ರಿ ಉಸ್ತಾದ್."

ಧೋತರ ಝಾಡಿಸಿದರೆ ಇದ್ದಲಿ ಚೀಲದ ಕೆಂಪಿರುವೆ.

ರೈತನೂ ನಕ್ಕ, ನಾನೂ ನಕ್ಕೆ, ಉಸ್ತಾದರೂ ನಕ್ಕರು. ನಕ್ಕವರು ಸ್ಟೇರಿಂಗಿಗೆ ಹಣೆ ಹಚ್ಚಿ ಹಾಗೇ ಕುಳಿತರು. ಆಮೇಲೆ ಮೆಲ್ಲಗೆ ಅಂದರು: "ಸಾವ್ಕಾರಗ ಗೊತ್ತಾದ್ರ ಮನಿಗೆ ಕಳಸ್ತಾನ. ಮನ್ಯಾಗ ಕುಂತು ನಾ ಏನ್ ಮಾಡ್ಲಿ ಹೇಳು? ಗ್ವಾಡಿ ನೋಡ್ಲೇನು? ಅದೂ ಕಾಣಂಗಿಲ್ಲ. ನೀ ಕಚ್ಚಾ ಲೈಸೆನ್ಸ್ ಮಾಡಿಸಪ್ಪಾ. ನೀ ಹೊಡಿ, ನಾ ಬಾಜೂಕ ಕುಂದರತೀನಿ."

ಕಣ್ಣಿದ್ದವನು ಕಲಿಯುವವನು, ಕಣ್ಣಿಲ್ಲದವರು ಕಲಿಸುವವರು. ಇಷ್ಟು ದೊಡ್ಡ ರಾಜ್ಯದ ಕಾಯ್ದೆಗೆ ಇದರಲ್ಲಿ ಒಂದು ತಪ್ಪೂ ಕಾಣಲಿಲ್ಲ. ಕಾಯ್ದೆಯ ಕಣ್ಣಿಗೂ ಇದ್ದಲಿ ಹೊಗೆ ಹೋಗಿತ್ತೋ ಏನೋ.

ಕೋಟು ಹಾಕಿದ ಹೆಣ

ಲೈಸೆನ್ಸಿಗೆ ಫೋಟೋ ಬೇಕು ಅಂದರು. ನನ್ನಂಥ ಚೆಲುವನ ಫೋಟೋ ಸರ್ಕಾರ ಕೇಳಿದ್ದರಲ್ಲಿ ಆಶ್ಚರ್ಯವೇನಿಲ್ಲ. ನಾನು ಹಣೆ ತುಂಬ ವಿಭೂತಿ ಹಚ್ಚಿಕೊಂಡು ಯಾದಗಿರಿಯ ಫೋಟೋದವನ ಹತ್ತಿರ ಹೋದೆ. ಅವನ ಬಳಿ ಒಂದೇ ಒಂದು ಕೋಟು. ಎಲ್ಲ ಗಿರಾಕಿಗಳಿಗೂ ಅದೇ. ದಪ್ಪ ಇದ್ದವರಿಗೆ ಬೆನ್ನ ಹಿಂದೆ ಹರಿದಿತ್ತು, ಸಣ್ಣ ಇದ್ದವರಿಗೆ ಪಿನ್ನು ಹಚ್ಚುತ್ತಿದ್ದ. ಕುರ್ಚಿಯಲ್ಲಿ ಕೂಡಿಸಿ, "ಅಲಗ್ಯಾಡಬ್ಯಾಡ್ರಿ, ಉಸಿರ ಬಿಡಬ್ಯಾಡ್ರಿ" ಎಂದು ಕರಿ ಬಟ್ಟೆಯೊಳಗೆ ಹೋದ. ಹೋದವನು ಅಲ್ಲೇ ಸಂಸಾರ ಹೂಡಿದನೋ ಏನೋ, ಹೊರಗೆ ಬರಲೇ ಇಲ್ಲ. ನಾನು ಉಸಿರು ಹಿಡಿದವನು ಹಿಡಿದೇ ಇದ್ದೆ. ಭೀಮಾ ಹೊಳೆಯಲ್ಲಿ ಮುಳುಗಿ ಆ ದಂಡೆಗೆ ಏಳುವವನು ನಾನು. ಆದರೂ ಕಡೆಗೆ ಕಣ್ಣು ತಾವೇ ಮುಚ್ಚಿಕೊಂಡವು. ಸರಿಯಾಗಿ ಆಗಲೇ ಅವನು ಫೋಟೋ ಹೊಡೆದ.

ಕಚೇರಿಯವರು ಒಂದು ಫೋಟೋ ತಕರಾರಿಲ್ಲದೆ ಅಂಟಿಸಿಕೊಂಡರು. ಉಳಿದ ಇನ್ನೊಂದನ್ನು ಅವ್ವನಿಗೆ ತೋರಿಸಿ ಶಹಬಾಸ್ ಅನ್ನಿಸಿಕೊಳ್ಳೋಣ ಎಂದು ದೇವಾಪುರಕ್ಕೆ ಹೋಗುವ ಒಬ್ಬ ಬಂಡಿಯವನ ಕೈಲಿ ಮುಂದಾಗಿ ಕಳಿಸಿದೆ.

ಆಗ ನಮ್ಮ ಕಡೆ ಫೋಟೋ ಅಂದರೆ ಉಳ್ಳವರ ಮನೆಯಲ್ಲಿ ಯಾರಾದರೂ ತೀರಿಕೊಂಡಾಗ ತೆಗೆಸುವ ವಸ್ತು. ನಮ್ಮ ಮಂದಿ ತೀರಿಕೊಂಡವರನ್ನು ಮಲಗಿಸುವುದಿಲ್ಲ. ವಿಭೂತಿ ಹಚ್ಚಿ, ಒಳ್ಳೆ ಅಂಗಿ ತೊಡಿಸಿ, ನೆಟ್ಟಗೆ ಕೂಡಿಸುತ್ತಾರೆ. ಅವ್ವ ಫೋಟೋ ನೋಡಿದಳು. ಮಗ ವಿಭೂತಿ ಹಚ್ಚಿಕೊಂಡಿದ್ದಾನೆ, ಜನ್ಮದಲ್ಲಿ ಕಾಣದ ಕೋಟು ಹಾಕಿದ್ದಾನೆ, ನೆಟ್ಟಗೆ ಕೂತಿದ್ದಾನೆ, ಕಣ್ಣು ಮುಚ್ಚಿದ್ದಾನೆ.

ಫೋಟೋ ಮುಟ್ಟಿದ ಮರುದಿನ ನಾನು ಊರಿಗೆ ಬಂದಾಗ ನಮ್ಮ ಓಣಿ ತುಂಬ ಮಂದಿ. ಯಾರು ಹೋದರಪ್ಪಾ ಎಂದು ನಾನೂ ಅಳುತ್ತಲೇ ಒಳಗೆ ನುಗ್ಗಿದೆ. ಅವ್ವ ಫೋಟೋ ಎದೆಗೆ ಅವಚಿಕೊಂಡು ಕೂತಿದ್ದಳು. ನನ್ನನ್ನು ನೋಡಿದಳು, ಫೋಟೋ ನೋಡಿದಳು, ನನ್ನ ಗದ್ದ ಹಿಡಿದು ಅಲುಗಾಡಿಸಿದಳು. ಆಮೇಲೆ ಬಡಿದಳು ನೋಡಿರಿ, ಮೊರದಿಂದ, ಪೊರಕೆಯಿಂದ, ಕೈಗೆ ಸಿಕ್ಕಿದ್ದರಿಂದ. ಬಡಿಯುತ್ತ ಬಡಿಯುತ್ತ ತಬ್ಬಿಕೊಂಡು ಮತ್ತೆ ಅತ್ತಳು. "ಒಬ್ಬನ ಅದೀಯೋ ನನಗ, ಒಬ್ಬನ" ಅನ್ನುತ್ತಿದ್ದಳು. ಅವತ್ತಿನ ಅವಳ ಆ ದನಿ ಈಗಲೂ ಒಮ್ಮೊಮ್ಮೆ ಕಿವಿಗೆ ಬರುತ್ತದೆ.

ಮಂದಿಗೆ ಮಾತ್ರ ಬೇಜಾರಾಯಿತು. ಕೊಡೇಕಲ್ಲಿನಿಂದ ಬಿಸಿಲಲ್ಲಿ ನಡೆದು ಬಂದಿದ್ದ ಸೋದರಮಾವ ಹೊಸಲಿನಲ್ಲೇ ನಿಂತು ಕೇಳಿದ: "ಹಂಗಾರ ಇವತ್ತ ಹೆಣ ಎತ್ತೂದಿಲ್ಲೇನು?"

ನಾಪಾಸಿನ ಕಸುಬು

ಕಚ್ಚಾ ಬಂತು. ನಾನು ಸ್ಟೇರಿಂಗಿಗೆ, ಉಸ್ತಾದರು ಬಾಜೂಕ. ಅಷ್ಟು ಹೊತ್ತಿಗೆ ಅವರಿಗೆ ಬೆಳಕು ನೆರಳು ಬಿಟ್ಟರೆ ಬೇರೇನೂ ಕಾಣುತ್ತಿರಲಿಲ್ಲ. ಆದರೆ ಕಿವಿ ಇತ್ತಲ್ಲ! ಎಂಜಿನ್ನಿನ ದನಿ ಕೇಳಿಯೇ "ಗೇರ್ ಬದ್ಲಿ ಮಾಡು, ಅಳಾಕತ್ತದ ಅದು" ಅನ್ನುವರು. ನಾನು ಕಲಿತಿದ್ದೆಲ್ಲ ಅವರ ಕಿವಿಯಿಂದ.

ಒಂದು ದಿನ ಸಾವ್ಕಾರ ಕರೆದು ನನ್ನ ಕೈಯಲ್ಲಿ ಪೇಢೆ ಇಟ್ಟ. "ಛಲೋ ಹೊಡಿತಿ ಬಿಡು. ಲಗೂನ ಪಕ್ಕಾ ಆಗು. ಆಮ್ಯಾಲ ಮುದುಕನ್ನ ಮನಿಗೆ ಕಳಸಾಮು. ಒಂದ ಲಾರಿಗೆ ಇಬ್ಬರು ಡ್ರೈವರ್ ಯಾಕ?"

ಸಿಟ್ಟಿನಿಂದ ಅಂದಿದ್ದರೆ ಜಗಳಾಡುತ್ತಿದ್ದೆ. ಪ್ರೀತಿಯಿಂದ ಅಂದ. ಪೇಢೆ ತಿನ್ನದೆ ಜೇಬಿಗೆ ಹಾಕಿಕೊಂಡೆ.

ಅವತ್ತೇ ನಿಶ್ಚಯ ಮಾಡಿದೆ. ಪಾಸಾಗುವುದು ಯಾರಿಗಾದರೂ ಬರುತ್ತದೆ. ನಾಪಾಸಾಗುವುದಕ್ಕೆ ನನ್ನಂಥ ಹುಲಿ ಬೇಕು. ನಾನು ಕಚ್ಚಾ ಇರುವತನಕ ಬಾಜೂಕ ಉಸ್ತಾದರು ಇರಲೇಬೇಕು, ಸಾವ್ಕಾರ ಪಗಾರ ಕೊಡಲೇಬೇಕು. ಇದನ್ನು ಉಸ್ತಾದರಿಗೂ ಹೇಳಲಿಲ್ಲ.

ಪರೀಕ್ಷೆಗೆ ಕಲಬುರ್ಗಿಯಿಂದ ರೈಲಿನಲ್ಲಿ ಮೋಟಾರು ಸಾಹೇಬರು ಬರುತ್ತಿದ್ದರು. ಸ್ಟೇಷನ್ನಿನ ಹಿಂದಿನ ಬಯಲಲ್ಲಿ ಸುಣ್ಣದ ಗೆರೆ ಎಳೆದು, ಗೆರೆಗೆ ಸರಿಯಾಗಿ ನಿಲ್ಲಿಸು ಅನ್ನುವರು. ನಾನು ಮೊದಲ ಸಲ ಗೆರೆ ದಾಟಿಸಿ ಗಟಾರಕ್ಕೆ ಇಳಿಸಿದೆ. ಎರಡನೇ ಸಲ ಎಡಕ್ಕೆ ಅಂದರೆ ಬಲಕ್ಕೆ ಹೋದೆ. ಆಮೇಲಿನ ಸಲ ಗೆರೆಗೆ ಬಹಳ ಹಿಂದೆಯೇ ನಿಲ್ಲಿಸಿ, ಬಾಗಿಲು ತೆಗೆದು, ಇಳಿದು, ಗೆರೆಯವರೆಗೆ ನಡೆದು ಹೋಗಿ ನಿಂತೆ. ಸಾಹೇಬರು ಟೋಪಿ ತೆಗೆದು ತಲೆ ಕೆರೆದುಕೊಂಡರು.

ಕಡೆಕಡೆಗೆ ಅವರಿಗೇ ನನ್ನ ಮೇಲೆ ಕನಿಕರ ಹುಟ್ಟಿತು. ಉರ್ದುವಿನಲ್ಲಿ, "ಬೇಟಾ, ನೀನು ಗಾಡಿ ಚಾಲೂ ಮಾಡು ಸಾಕು. ಪಾಸು ಮಾಡಿಬಿಡುತ್ತೇನೆ" ಎಂದರು. ನಾನು ಒಳಗೊಳಗೇ ನಕ್ಕೆ. ನಮ್ಮ ಇದ್ದಲಿ ಗಾಡಿ ಒಂದು ದಿನವಾದರೂ ಕೈ ಸೋಲುವ ಮುಂಚೆ ಚಾಲೂ ಆದದ್ದಿಲ್ಲ. ಧೈರ್ಯವಾಗಿ ಎಂಜಿನ್ನು ತಿರುಗಿಸುವ ಹ್ಯಾಂಡಲ್ ಹಾಕಿ ಸುಮ್ಮನೆ ಮುಟ್ಟಿದೆ. ಪಾಪಿ ಗಾಡಿ, ಆ ದಿನ ಒಂದೇ ಸಲಕ್ಕೆ ಗುರ್ರೆಂದು ಚಾಲೂ ಆಯಿತು. ಸಾಹೇಬರು ಖುಷಿಯಿಂದ ಪೆನ್ನು ತೆಗೆದರು. ಏನು ಮಾಡಲಿ? ಒಳಗೆ ಹಾರಿ ಕುಳಿತು, ಗಾಡಿ ಮುಂದೆ ಬಿಟ್ಟು, ಎರಡೂ ಕೈ ಎತ್ತಿ ಸಾಹೇಬರಿಗೆ ಸಲಾಮು ಹೊಡೆದೆ. ಗಾಡಿ ಹೋಗಿ ಗೆರೆಗೆಂದು ಕಲಸಿಟ್ಟಿದ್ದ ಸುಣ್ಣದ ಮಣ್ಣಿನ ಹರವಿಗೆ ಹಾಯ್ದಿತು. ಹರವಿ ಒಡೆದು ಸುಣ್ಣವೆಲ್ಲ ಸಾಹೇಬರ ಮೇಲೆ.

ಬೆಳ್ಳಗೆ ನಿಂತ ಸಾಹೇಬರು ಕೇಳಿದರು: "ನಿನಗೆ ಕಲಿಸಿದವನು ಯಾರು?"

ಉಸ್ತಾದರು ತಲೆ ತಗ್ಗಿಸಿ, ಸಾಹೇಬರಿಲ್ಲದ ದಿಕ್ಕಿಗೆ ಕೈಮುಗಿದು ಅಂದರು: "ನಾನಾ ರೀ."

ಹುಡುಗಿ ಎಲ್ಲಿ ಕೂರಬೇಕು

ಶಹಾಪುರದಲ್ಲಿ ನನಗೊಂದು ಹೆಣ್ಣು ಗೊತ್ತಾಗಿತ್ತು. ಅವಳ ಅಪ್ಪ ನನ್ನ ಲೈಸೆನ್ಸು ಪಕ್ಕಾ ಆದ ಮೇಲೆ ಲಗ್ನ ಎಂದಿದ್ದರು. ಹುಡುಗಿಯನ್ನು ನಾನು ನೋಡಿದ್ದು ಒಂದೇ ಸಲ, ಬಾಗಿಲ ಸಂದಿಯಲ್ಲಿ. ಅವಳು ನನ್ನನ್ನು ನೋಡಿ ನಕ್ಕಿದ್ದಳು. ಮೂರು ಊರಿನಲ್ಲಿ ನನ್ನನ್ನು ನೋಡಿ ನಗದವರು ಯಾರಿದ್ದರು ಅನ್ನಬೇಡಿ. ಆ ನಗುವೇ ಬೇರೆ.

ಕಾದು ಕಾದು ಸಾಕಾಗಿ ಒಂದು ದಿನ ಆಕೆಯ ತಂದೆ ತಾಯಿ ನಮ್ಮ ಲಾರಿ ನಿಂತಲ್ಲಿಗೇ ಬಂದರು. ಬಾಜೂಕ ಉಸ್ತಾದರು ಕೂತಿದ್ದರು. ಬಿಸಿಲಿಗೆ ಬೋಳುತಲೆ ಹೊಳೆಯುತ್ತಿತ್ತು. ಶಿಷ್ಯ ಪಾಸಾಗುವತನಕ ರುಮಾಲು ಸುತ್ತುವುದಿಲ್ಲ ಎಂದು ಅವರು ಹಟ ಹಿಡಿದಿದ್ದರು. ಚಹದಂಗಡಿಯಲ್ಲಿ ಉಳಿದ ಡ್ರೈವರುಗಳು, "ಏನ್ ಉಸ್ತಾದ್, ಈ ಸಲನೂ ಸುಣ್ಣಾ ಹಚ್ಚಿದ್ನೇನು ನಿಮ್ಮ ಶಿಷ್ಯ?" ಎಂದು ಚಾಷ್ಟಿ ಮಾಡುತ್ತಿದ್ದದ್ದು ಅವರ ಎದೆಗೆ ನಾಟಿತ್ತು.

"ಇವರ್ಯಾರು?" ಎಂದರು ಹುಡುಗಿಯ ತಂದೆ.

"ಉಸ್ತಾದ್ರು. ಕಾಯ್ದೆ ಪ್ರಕಾರ ಇವ್ರು ನನ್ನ ಬಾಜೂಕ ಇರಬೇಕ್ರಿ."

"ಎಲ್ಲಿತನಕ?"

"ನಾ ಪಾಸ್ ಆಗೂತನಕ್ರಿ."

"ಯಾವಾಗ ಪಾಸ್ ಆಗ್ತೀಯಪ್ಪಾ?"

ನಾನು ಉಸ್ತಾದರ ಕಡೆ ನೋಡಿದೆ. ಅವರು ಮಾತಾಡುತ್ತಿದ್ದವರ ಕಡೆ ಕಿವಿ ಕೊಟ್ಟು, ನನ್ನ ಲಗ್ನದ ಮಾತು ಎಂದು ಸುಮ್ಮನೆ ಮುಗುಳ್ನಗುತ್ತಿದ್ದರು. "ಹೇಳಾಕ ಬರಂಗಿಲ್ರಿ ಮಾವಾ" ಅಂದೆ.

ಆಗ ಹುಡುಗಿಯ ತಾಯಿ ಸೆರಗು ಸರಿ ಮಾಡಿಕೊಂಡು ಲಾರಿಯ ಒಳಗೆ ಇಣುಕಿ ನೋಡಿ ಕೇಳಿದಳು: "ಹಂಗಾರ ನಮ್ಮ ಹುಡುಗಿ ಎಲ್ಲಿ ಕುಂದರಬೇಕು? ಇದ್ದಲಿ ಚೀಲದ ಮ್ಯಾಲೇನು?"

ಹುಡುಗಿಯನ್ನು ಬೇರೆ ಕಡೆ ಕೊಟ್ಟರು. ಬೀಗರ ದಿಬ್ಬಣಕ್ಕೆ ಸಾವ್ಕಾರನ ಲಾರಿಯೇ ಗೊತ್ತಾಗಿತ್ತು. ನಾನೇ ಹೊಡೆದುಕೊಂಡು ಹೋದೆ. ಅವತ್ತು ಎಷ್ಟು ಮೆತ್ತಗೆ ಹೊಡೆದೆ ಅಂದರೆ ಹಿಂದೆ ಕೂತ ಮಂದಿಯ ಕೈಯಲ್ಲಿನ ಪಾನಕ ತುಳುಕಲಿಲ್ಲ. ಇಳಿಯುವಾಗ ಮದುಮಗ ನನ್ನ ಬೆನ್ನು ತಟ್ಟಿ, "ಇಷ್ಟ ಛಂದ ಹೊಡಿತಿ, ಇನ್ನಾ ಪಕ್ಕಾ ಯಾಕ ಆಗಿಲ್ಲೋ ನೀ?" ಎಂದ.

ಬರ್ಲಿ, ಬರ್ಲಿ

ಒಮ್ಮೆ ದೇವಾಪುರದ ಒಂದು ಸಂದಿಯಲ್ಲಿ ಹತ್ತಿ ತುಂಬಬೇಕಾಗಿತ್ತು. ಆಚೆ ಗೋಡೆ, ಈಚೆ ಗೋಡೆ, ನಡುವೆ ಲಾರಿ ಹಿಂದಕ್ಕೆ ಹೋಗಬೇಕು. ನಾನು ಮೈಮರೆತು ಒಂದೇ ಏಟಿಗೆ ಹಿಂದಕ್ಕೆ ಒಯ್ದು ನಿಲ್ಲಿಸಿದೆ. ಉಸ್ತಾದರು ಕಿಟಕಿಯಿಂದ ಕೈ ಹೊರಗೆ ಹಾಕಿ ತಡವಿದರು. ಗೋಡೆ ಗೇಣು ದೂರದಲ್ಲಿತ್ತು. ಸರಿದು ಬಂದು ನನ್ನ ಕಡೆಯಿಂದಲೂ ಕೈ ಹಾಕಿ ತಡವಿದರು. ಅಲ್ಲಿಯೂ ಗೇಣು.

ಆಮೇಲೆ, "ಇಂಥಾ ಕೈ ಇಟಗೊಂಡು ಸುಣ್ಣದ ಹರವಿಗೆ ಹಾಯ್ತೀಯೇನಲೇ?" ಎಂದರು. ನಾನು ಸ್ಟೇರಿಂಗ್ ಒರೆಸತೊಡಗಿದೆ. "ನನ್ನ ಸಲುವಾಗಿ ಏನು?" ಎಂದರು. ನಾನು ಒರೆಸುತ್ತಲೇ ಇದ್ದೆ. ಅವರು ಮುಖ ಆಚೆ ತಿರುಗಿಸಿಕೊಂಡರು. ಕಾಣದ ಕಣ್ಣಿಗೂ ನೀರು ಬರುತ್ತದೆ ಅಂತ ನನಗೆ ಗೊತ್ತಾದದ್ದು ಅವತ್ತು.

ಮುಂದಿನ ಪರೀಕ್ಷೆಯ ದಿನ ಉಸ್ತಾದರು ಬಯಲಿನಲ್ಲಿ ನನ್ನ ರಟ್ಟೆ ಹಿಡಿದು ಕಿವಿಯಲ್ಲಿ ಹೇಳಿದರು: "ಕೇಳು. ಈ ಸಲ ನಾಪಾಸ್ ಆದಿ ಅಂದ್ರ, ಸುರಪುರಕ್ಕ ವಾಪಸ್ ಹೋಗೋವಾಗ ಸ್ಟೇರಿಂಗ್ ನಾ ಹಿಡೀತೀನಿ."

ಹಿಡಿಯುವವರೇ ಅವರು. ನನಗೆ ಆ ದಾರಿಯ ಎಮ್ಮೆ, ಬಂಡಿ, ಶೇಂಗಾ ಕಣ, ಮಂದಿ ಎಲ್ಲ ಕಣ್ಣ ಮುಂದೆ ಬಂದವು. ಪಾಸಾದೆ. ಗೆರೆಗೆ ಕೂದಲೆಳೆ ಹೆಚ್ಚುಕಡಿಮೆ ಇಲ್ಲದಂತೆ ನಿಲ್ಲಿಸಿದೆ. ಮೋಟಾರು ಸಾಹೇಬರು ದೂರವೇ ನಿಂತಿದ್ದವರು ಓಡಿ ಬಂದು ತಬ್ಬಿಕೊಂಡರು. ಪಕ್ಕಾ ಎಂದು ಬರೆದು, ಸಹಿ ಹಾಕಿ, ಕಾಗದ ಕೈಗಿಟ್ಟರು.

ಉಸ್ತಾದರು ಬಾಜೂಕಿನ ಜಾಗದಿಂದ ಇಳಿದರು. ಇಳಿದು, ಕೂತ ಜಾಗವನ್ನು ಅಂಗೈಯಿಂದ ಒಂದು ಸಲ ಒರೆಸಿದರು. "ಇನ್ನ ಇಲ್ಲಿ ನನ್ನ ಕೆಲಸಿಲ್ಲ. ಮನಿ ಮುಟ್ಟೂತನಕ ನಾ ನಿನ್ನ ಕ್ಲೀನರ್" ಎಂದು ಲಾರಿಯ ಮೈ ಹಿಡಿದುಕೊಂಡು ಹಿಂದಕ್ಕೆ ನಡೆದರು. ಗಾಡಿ ಹಿಂದಕ್ಕೆ ತೆಗೆಯುವಾಗ ಕ್ಲೀನರ್ ಹಿಂದೆ ನಿಂತು ದಾರಿ ತೋರಿಸಬೇಕಲ್ಲ. ತಗಡು ಬಡಿದು ಕೂಗಿದರು:

"ಬರ್ಲಿ ಉಸ್ತಾದ್! ಬರ್ಲಿ, ಬರ್ಲಿ!"

ನನ್ನನ್ನು ಉಸ್ತಾದ್ ಎಂದರು. ನಾನು ಕತ್ತು ಹೊರಗೆ ಹಾಕಿ ಹಿಂದೆ ನೋಡಿದೆ. ಉಸ್ತಾದರು ಒಂದು ಬದಿಗೆ, ಗಾಲಿಗೆ ದೂರವಾಗಿ ನಿಂತು, ಬಯಲು ಪೂರಾ ಖಾಲಿ ಎಂಬಂತೆ ಕೈ ಬೀಸುತ್ತಿದ್ದರು. ಲಾರಿಯ ಹಿಂದೆ ಸರಿಯಾಗಿ ಮೋಟಾರು ಸಾಹೇಬರು ರೈಲಿನಲ್ಲಿ ಜೊತೆಗೆ ತಂದಿದ್ದ ಹೊಸ ಸೈಕಲ್ಲು ನಿಂತಿತ್ತು. ಇಂಗ್ಲೆಂಡಿನದು. ಮದುಮಗಳ ಹಾಗೆ ಹೊಳೆಯುತ್ತಿತ್ತು. ನನ್ನ ಕಣ್ಣು ಬಹಳ ಚುರುಕು. ಅದರ ಗಂಟೆಯ ಮೇಲಿನ ಹೂವಿನ ಚಿತ್ರ ಕೂಡ ಕಂಡಿತು.

ಆದರೆ ಉಸ್ತಾದರು ಬರ್ಲಿ ಅಂದಿದ್ದಾರೆ. ಕಲಿಸಿದವರು ಬರ್ಲಿ ಅಂದ ಮೇಲೆ ನಾನು ಯಾರು ನಿಲ್ಲುವುದಕ್ಕೆ?

ಹೋದೆ.

ಸಾಹೇಬರು ಸೈಕಲ್ಲಿನ ಹತ್ತಿರ ಹೋಗಿ ಸುತ್ತಲೂ ಒಮ್ಮೆ ನಡೆದರು. ಅದು ಹಪ್ಪಳದ ಹಾಗೆ ಮಲಗಿತ್ತು. ಬೈಯಲಿಲ್ಲ. ನನ್ನ ಹತ್ತಿರ ಬಂದು ಕೈ ಚಾಚಿದರು. ನಾನು ಕಾಗದ ಕೊಟ್ಟೆ. ಪಕ್ಕಾ ಎಂದಿದ್ದನ್ನು ಹೊಡೆದು ಹಾಕಿ, ಕಾಗದ ಹರಿಯುವಷ್ಟು ಒತ್ತಿ ಕಚ್ಚಾ ಎಂದು ಬರೆದು, ತಿರುಗಿ ನೋಡದೆ ಸ್ಟೇಷನ್ನಿನ ಕಡೆ ನಡೆದುಬಿಟ್ಟರು.

ಉಸ್ತಾದರು ಇನ್ನೂ ಹಿಂದೆಯೇ ನಿಂತಿದ್ದರು. "ಏನೋ ಸಪ್ಪಳಾತಲ್ಲೋ?"

"ಏನಿಲ್ರಿ ಉಸ್ತಾದ್. ಸಾಹೇಬ್ರ ಸೈಕಲ್. ನನ್ನ ಮತ್ತ ಕಚ್ಚಾ ಮಾಡ್ಯಾರ."

ನಾನು ಹೋಗಿ ಅವರ ಕೈ ಹಿಡಿದೆ. "ಬರ್ರಿ. ಕಾಯ್ದೆ ಪ್ರಕಾರ ನೀವು ಬಾಜೂಕ ಕುಂದರಬೇಕ್ರಿ."

ಉಸ್ತಾದರು ಮೆಟ್ಟಿಲು ತಡವಿ ಹತ್ತಿದರು. ತಮ್ಮ ಜಾಗದಲ್ಲಿ ಚಕ್ಕಳಮಕ್ಕಳ ಹಾಕಿ ಗಟ್ಟಿಯಾಗಿ ಕುಳಿತರು. ಆಮೇಲೆ ನನ್ನ ಕಡೆ ತಿರುಗಿ, ಇಡೀ ಸ್ಟೇಷನ್ನಿಗೆ ಕೇಳುವ ಹಾಗೆ ಬೈದರು:

"ಅಷ್ಟ ದೊಡ್ಡ ಸೈಕಲ್ ನಿಂತದ, ಕಣ್ಣ ಕಾಣಂಗಿಲ್ಲೇನಲೇ ನಿನಗ?"